ಸಾಕುಮೊಲಕ್ಕೆ ಶಸ್ತ್ರಚಿಕಿತ್ಸೆ

ಅರಸೀಕೆರೆ, ಬೇಲೂರು, ಹಳೇಬೀಡುಗಳ ಸುತ್ತಿನವರಿಗೆ ಮೊಲವೆಂದೊಡನೆ ನೆನಪಾಗುವುದು ಹೊಲದ ಬದುವಿನಿಂದ ಚಂಗನೆ ನೆಗೆದೋಡುವ ಕಾಡುಮೊಲ. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯಂತೆ ಅದನ್ನು ಹಿಡಿದು ಸಾಕುವಂತಿಲ್ಲ. ಮನೆಗಳಲ್ಲಿ ಮಕ್ಕಳ ಸಂಗಾತಿಯಾಗಿ ಬೆಳೆಯುವ ಮೊಲವೇ ಬೇರೆ. ಅದು ಯೂರೋಪಿನ ಬಿಲವಾಸಿ ಮೊಲದ ಸಂತತಿ. ಹಲ್ಲು ಮಿತಿಮೀರಿ ಬೆಳೆದಾಗ, ಕೀವುಗಡ್ಡೆಯಾದಾಗ ಅದಕ್ಕೂ ಶಸ್ತ್ರಚಿಕಿತ್ಸೆ ಬೇಕಾಗಬಹುದು. ಹೆಣ್ಣುಮೊಲಗಳಲ್ಲಿ ವಯಸ್ಸಾದಂತೆ ಗರ್ಭಕೋಶದ ಕ್ಯಾನ್ಸರು ಸಾಮಾನ್ಯವಾದುದರಿಂದ, ಎಳೆಯ ಪ್ರಾಯದಲ್ಲಿಯೇ ಗರ್ಭಕೋಶವನ್ನು ತೆಗೆಸುವುದೂ ಉಂಟು.

ಬ್ರಿಟನ್ನಿನಲ್ಲಿ 2002ರಿಂದ 2004ರವರೆಗೆ ನಡೆದ ಒಂದು ದೊಡ್ಡ ಪರಿಶೀಲನೆಯಲ್ಲಿ, ಅರಿವಳಿಕೆ ಪಡೆದ ಸಾವಿರ ನಾಯಿಗಳಲ್ಲಿ ಸತ್ತವು ಎರಡಕ್ಕೂ ಕಡಮೆ. ಮೊಲಗಳಲ್ಲಿ ಸುಮಾರು ಹದಿನಾಲ್ಕು. ಅವುಗಳಲ್ಲಿ ಹೆಚ್ಚಿನವು ಸತ್ತದ್ದು ಕತ್ತರಿಯ ಕೆಳಗಲ್ಲ, ಎಲ್ಲವೂ ಮುಗಿದ ಮೇಲೆ. ಆದ್ದರಿಂದ ವೈದ್ಯರ ಕೈಚಳಕದಷ್ಟೇ ಮನೆಯವರ ಆರೈಕೆಯೂ ಇಲ್ಲಿ ಮುಖ್ಯ.

ಮೊದಲನೆಯ ಅಪಾಯ ಶಾಖನಷ್ಟ. ಇದು ನಮ್ಮ ಭೌತಶಾಸ್ತ್ರದ ವಿಷಯ. 54 ಕಿಲೋಗ್ರಾಂ ತೂಕದ ಮನುಷ್ಯನು 2 ಕಿಲೋಗ್ರಾಂ ಮೊಲಕ್ಕಿಂತ 27 ಪಾಲು ಭಾರ. ಎರಡೂ ದೇಹಗಳ ಆಕಾರ ಒಂದೇ ಎಂದು ಭಾವಿಸಿದರೆ (ಗಣಿತಕ್ಕೆ ಇಷ್ಟು ಸ್ವಾತಂತ್ರ್ಯವಿರಲಿ) ಮನುಷ್ಯನ ಮೈಯ ಹೊರಮೈ ಮೊಲದ್ದಕ್ಕಿಂತ 9 ಪಾಲು ಮಾತ್ರ ಹೆಚ್ಚು. ಎಂದರೆ, ಪ್ರತಿ ಕಿಲೋಗ್ರಾಂ ತೂಕಕ್ಕೆ ಶಾಖ ಸೋರುವ ಮೈ ಮೊಲಕ್ಕೆ ಮೂರರಷ್ಟಿದೆ. ಅದರ ರಕ್ಷಣೆಗೆ ಇರುವುದು ತುಪ್ಪಳ. ಅದನ್ನೂ ಬೋಳಿಸಿ, ಸ್ಪಿರಿಟ್ಟು ಹಚ್ಚುತ್ತಾರೆ. ಸ್ಪಿರಿಟ್ಟು ಆವಿಯಾಗುವಾಗ ಮೈಯಿಂದಲೇ ಶಾಖವನ್ನು ಹೀರುತ್ತದೆ. ಅರಿವಳಿಕೆಯಲ್ಲಿರುವ ಪ್ರಾಣಿ ನಡುಗಿ ಬಿಸಿಯನ್ನು ಹುಟ್ಟಿಸಿಕೊಳ್ಳಲಾರದು.

ಆದುದರಿಂದ ಬಿಸಿನೀರು ತುಂಬಿದ ಶೀಸೆಯನ್ನು ಬಟ್ಟೆಯಲ್ಲಿ ಸುತ್ತಿ ಗೂಡಿನ ಒಂದು ಬದಿಗೆ ಮಾತ್ರ ಇಡಬೇಕು. ಬಿಸಿ ಹೆಚ್ಚೆನಿಸಿದರೆ ಮೊಲ ಸರಿದುಕೊಳ್ಳಲಿ, ಏಕೆಂದರೆ ಸೆಕೆಯನ್ನೂ ಅದು ತಾಳಲಾರದು. ಒಂದು ಲೀಟರು ನೀರು 45 ಡಿಗ್ರಿಯಿಂದ 38 ಡಿಗ್ರಿ ಸೆಲ್ಸಿಯಸ್‌ಗೆ ಇಳಿಯುವಾಗ 7 ಕಿಲೋಕ್ಯಾಲೊರಿ ಶಾಖವನ್ನು ಕೊಡುತ್ತದೆ. ಅಲ್ಲಿಂದ ಮುಂದೆ, ನೀರು ಮೊಲದ ಮೈಗಿಂತ ತಣ್ಣಗಾದೊಡನೆ, ಶೀಸೆಯೇ ಮೊಲದ ಶಾಖವನ್ನು ಕದಿಯತೊಡಗುತ್ತದೆ! ಆಗ ಅದನ್ನು ತೆಗೆದುಬಿಡಬೇಕು.

ಎರಡನೆಯ ಅಪಾಯ ಕರುಳಿನದು. ವಾಂತಿಯು ಶ್ವಾಸನಾಳಕ್ಕೆ ಇಳಿದೀತೆಂದು ಮನುಷ್ಯರನ್ನೂ ನಾಯಿಗಳನ್ನೂ ಶಸ್ತ್ರಚಿಕಿತ್ಸೆಗೆ ಮುನ್ನ ಉಪವಾಸವಿರಿಸುವುದುಂಟು. ಮೊಲವಾದರೋ ವಾಂತಿ ಮಾಡಲಾರದು. ಅದರ ಕರುಳಿನಲ್ಲಿ ನಾರನ್ನು ಹುಳಿಯಿಸುವ ಸೂಕ್ಷ್ಮಜೀವಿಗಳಿಗೆ ಸದಾ ಮೇವು ಬೇಕು; ಮೇವು ನಿಂತರೆ ಕರುಳಿನ ಚಲನೆಯೂ ನಿಲ್ಲಬಹುದು, ಪ್ರಾಣವೂ ಹೋಗಬಹುದು. ರಾತ್ರಿಯಿಡೀ ಉಪವಾಸವೆಂಬ ಒಳ್ಳೆಯ ಮನಸ್ಸಿನ ಏರ್ಪಾಟು ಇಲ್ಲಿ ಕೇಡೇ ಸರಿ. ಬಾಯಲ್ಲಿ ಮೇವಿನ ಚೂರು ಉಳಿಯದಿರಲೆಂದು ವೈದ್ಯರು ಕೊನೆಯ ಒಂದೆರಡು ಗಂಟೆ ಮೇವನ್ನು ತಡೆಯಲು ಹೇಳಿದರೆ ಅಷ್ಟನ್ನೇ ಪಾಲಿಸಬೇಕು.

ಹಾಸನದಲ್ಲಿ ಪಶುವೈದ್ಯಕೀಯ ಕಾಲೇಜು ಇದೆ. ಅಲ್ಲಿಗೆ ಅರಸೀಕೆರೆಯಿಂದಲೂ ಬೇಲೂರಿನಿಂದಲೂ ಸುಮಾರು 40 ಕಿಲೋಮೀಟರು, ಹಳೇಬೀಡಿನಿಂದ ಸುಮಾರು 30. ಗಾಳಿಯಾಡುವ ಪೆಟ್ಟಿಗೆಯಲ್ಲಿ ಮೆತ್ತನೆಯ ಬಟ್ಟೆ ಹಾಸಿ, ಮೊಲಕ್ಕೆ ಪರಿಚಿತವಾದ ಹುಲ್ಲನ್ನೇ ಜೊತೆಗೆ ಒಯ್ಯಬೇಕು; ಎಚ್ಚರವಾದ ಮೇಲೆ ಹೊಸ ಮೇವನ್ನು ಅದು ಮೂಸಿಯೂ ನೋಡದೆ ಹೋಗಬಹುದು. ಕಿವಿ ಹಿಡಿದೆತ್ತುವುದು ಕೂಡದು. ಹಿಂಗಾಲುಗಳಿಗೆ ಆಸರೆಯಿಲ್ಲದಿದ್ದರೆ ಒಮ್ಮೆ ಝಾಡಿಸಿದ ರಭಸಕ್ಕೇ ಬೆನ್ನುಮೂಳೆ ಮುರಿಯುವುದುಂಟು.

ಮನೆಗೆ ಬಂದ ಮೇಲೆ ಗರಿಕೆ, ಕೊತ್ತಂಬರಿ ಸೊಪ್ಪು, ಒಣಹುಲ್ಲು, ನೀರು ಬಾಯಿಗೆ ಎಟುಕುವಂತಿರಲಿ. ಗಾಯವನ್ನು ದಿನಕ್ಕೆರಡು ಸಲ ನೋಡಿದರೆ ಸಾಕು. ಹಿಕ್ಕೆಗಳನ್ನಂತೂ ಎಣಿಸುವಷ್ಟು ಶ್ರದ್ಧೆಯಿಂದ ಗಮನಿಸಬೇಕು. ಬೇಟೆಗೀಡಾಗುವ ಪ್ರಾಣಿಯಾದ್ದರಿಂದ ಮೊಲವು ನೋವನ್ನು ಮರೆಮಾಚುತ್ತದೆ: ಮೂಲೆಯಲ್ಲಿ ಮುದುರಿ ಕುಳಿತು, ಕಣ್ಣನ್ನು ಅರೆಮುಚ್ಚಿ, ಹಲ್ಲನ್ನು ಕಟಕಟನೆ ಮಸೆಯುತ್ತಿದ್ದರೆ ಅದೇ ನರಳಾಟ. ಮನುಷ್ಯರ ಮಾತ್ರೆಯನ್ನು ಅರೆದು ಕುಡಿಸದೆ, ವೈದ್ಯರು ಕೊಟ್ಟ ಔಷಧವನ್ನೇ ಹೊತ್ತಿಗೆ ಸರಿಯಾಗಿ ಕೊಡಬೇಕು. ಹನ್ನೆರಡು ಗಂಟೆ ಕಳೆದರೂ ಮೇವು ಮುಟ್ಟದೆ, ಹಿಕ್ಕೆ ಹಾಕದೆ ಇದ್ದರೆ ಬೆಳಗಾಗಲೆಂದು ಕಾಯದೆ ವೈದ್ಯರಿಗೆ ತಿಳಿಸತಕ್ಕದ್ದು.