ಗುಳಿಗೆ ಮುಗಿದ ಮೇಲೆ ಜ್ವರ ತಿರುಗಿ ಬಂದರೆ

"ಐದು ದಿನ ಗುಳಿಗೆ ನುಂಗಿದ್ರೂ ಜ್ವರ ತಿರುಗಿ ಬಂತು ಅಂದ್ರೆ ಗುಳಿಗೇನೇ ಖೊಟ್ಟಿ." ತೆಲಂಗಾಣದ ಮಕ್ತಲ್, ನಾರಾಯಣಪೇಟೆ, ಗದ್ವಾಲ್ ಕಡೆ ಕೊರೊನಾದ ಮಾತು ತೆಗೆದರೆ ಇಂಥ ಮಾತು ಕಿವಿಗೆ ಬೀಳುವುದು ಸಹಜ. ಈ ನಂಬಿಕೆಯಿಂದ ಆಗುವ ಹಾನಿ ದೊಡ್ಡದು. ಜ್ವರ ಮರುಕಳಿಸಿದವರು ಒಂದೋ ಔಷಧವನ್ನೇ ಬಿಡುತ್ತಾರೆ, ಇಲ್ಲವೋ ಊರಿನ ಆರ್‌ಎಂಪಿ ವೈದ್ಯರ ಹತ್ತಿರ ಹೋಗಿ ಸಲೈನ್ ಹಾಕಿಸಿಕೊಂಡು, ಜೊತೆಗೊಂದು ಸೂಜಿಯನ್ನೂ ಚುಚ್ಚಿಸಿಕೊಂಡು ಬರುತ್ತಾರೆ.

ಮೊದಲು ಕೇಳಬೇಕಾದದ್ದು, ತೆಗೆದುಕೊಂಡದ್ದು ಯಾವ ಗುಳಿಗೆ? 2022ರ ಜನವರಿಯಲ್ಲಿ ತೆಲಂಗಾಣ ಸರ್ಕಾರ ಮನೆಮನೆಗೆ ಜ್ವರ ಸರ್ವೇ ಮಾಡಿಸಿತು. ಆಗ ಆಶಾ ಕಾರ್ಯಕರ್ತೆಯರು ಕೊಟ್ಟ ಕಿಟ್‌ನಲ್ಲಿ ಪ್ಯಾರಾಸಿಟಮಾಲ್, ಅಜಿತ್ರೋಮೈಸಿನ್, ನೆಗಡಿಯ ಗುಳಿಗೆ, ವಿಟಮಿನ್ ಇದ್ದವು. ಮನೆಯಲ್ಲೇ ಇರುವ ರೋಗಿಗೆ ಅದು ಆಸರೆಯಾಯಿತು, ನಿಜ. ಆದರೆ ಅದರಲ್ಲಿ ಕೊರೊನಾ ವೈರಸ್ಸನ್ನು ತಡೆಯುವ ಔಷಧ ಒಂದೂ ಇರಲಿಲ್ಲ. ಅಜಿತ್ರೋಮೈಸಿನ್ ಬ್ಯಾಕ್ಟೀರಿಯಾಕ್ಕೆ ಕೊಡುವ ಔಷಧ. ಪ್ಯಾರಾಸಿಟಮಾಲ್ ಕೆಲವು ಗಂಟೆ ಜ್ವರ ಇಳಿಸುತ್ತದೆ, ಅಷ್ಟೇ. ಅದನ್ನು ನಿಲ್ಲಿಸಿದಾಗ ಕಾಣಿಸಿಕೊಂಡ ಜ್ವರ ಮರಳಿ ಬಂದದ್ದಲ್ಲ, ಹೋಗಿರಲೇ ಇಲ್ಲ.

ವೈರಸ್ಸಿನ ಮೇಲೆ ನೇರ ಕೆಲಸ ಮಾಡುವ ಗುಳಿಗೆಗಳು ಬೇರೆ. ಮೊಲ್ನುಪಿರವಿರ್‌ಗೆ ಭಾರತದಲ್ಲಿ ತುರ್ತು ಬಳಕೆಯ ಅನುಮತಿ ಸಿಕ್ಕಿದ್ದು 2021ರ ಡಿಸೆಂಬರ್ 28ರಂದು. ಬೆಳಿಗ್ಗೆ ನಾಲ್ಕು, ರಾತ್ರಿ ನಾಲ್ಕು, ಐದು ದಿನಕ್ಕೆ 40 ಕ್ಯಾಪ್ಸೂಲ್. ಹೈದರಾಬಾದಿನ ಡಾ. ರೆಡ್ಡೀಸ್ ಒಂದು ಕ್ಯಾಪ್ಸೂಲಿಗೆ 35 ರೂಪಾಯಿ ಬೆಲೆ ಇಟ್ಟಿತ್ತು. ಆದರೆ ಆಗ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ (ಐಸಿಎಂಆರ್) ಮುಖ್ಯಸ್ಥರಾಗಿದ್ದ ಬಲರಾಮ್ ಭಾರ್ಗವ ಇದರ ಸುರಕ್ಷತೆಯ ಬಗ್ಗೆ ಗಂಭೀರ ಆತಂಕ ವ್ಯಕ್ತಪಡಿಸಿದರು, ರಾಷ್ಟ್ರೀಯ ಚಿಕಿತ್ಸಾ ಸೂಚಿಯಲ್ಲಿ ಅದು ಸೇರಲಿಲ್ಲ. ಇನ್ನೊಂದು ಪ್ಯಾಕ್ಸ್‌ಲೋವಿಡ್. ಅಪಾಯ ಹೆಚ್ಚಿದ್ದ, ಲಸಿಕೆ ಪಡೆಯದ ರೋಗಿಗಳು ಬೇಗನೆ ಶುರು ಮಾಡಿದರೆ ಆಸ್ಪತ್ರೆ ಸೇರುವ ಇಲ್ಲವೇ ಸಾಯುವ ಅಪಾಯವನ್ನು ಅದು ಸುಮಾರು ಶೇಕಡಾ 88ರಿಂದ 89ರಷ್ಟು ತಗ್ಗಿಸುತ್ತದೆ ಎಂದು ಪ್ರಯೋಗ ತೋರಿಸಿತು. ರೋಗ ಮರುಕಳಿಸುತ್ತದೆ ಎಂಬ ಸುದ್ದಿ ಜಗತ್ತಿಗೆಲ್ಲ ಹಬ್ಬಿದ್ದು ಈ ಗುಳಿಗೆಯಿಂದಲೇ. ಆಗ ಅಮೆರಿಕದ ಅಧ್ಯಕ್ಷರಾಗಿದ್ದ ಜೋ ಬೈಡನ್ 2022ರ ಜುಲೈ 21ಕ್ಕೆ ಪಾಸಿಟಿವ್ ಆಗಿ, ಇದೇ ಗುಳಿಗೆ ಮುಗಿಸಿ, 27ಕ್ಕೆ ಹೊರಗೆ ಕಾಣಿಸಿಕೊಂಡರು. 30ಕ್ಕೆ ಮತ್ತೆ ಪಾಸಿಟಿವ್. ಜಗತ್ತಿನ ಅತ್ಯುತ್ತಮ ಆರೈಕೆಯಲ್ಲಿದ್ದವರಿಗೆ ಹೀಗಾಯಿತೆಂದರೆ ಗುಳಿಗೆ ಖೊಟ್ಟಿ ಎನ್ನುವ ವಾದ ನಿಲ್ಲುವುದಿಲ್ಲ.

ಹಾಗಾದರೆ ಆಗುವುದೇನು? ವೈರಸ್ ತನ್ನ ಮರಿಗಳನ್ನು ಸಿದ್ಧಮಾಡಿಕೊಳ್ಳಲು ಬೇಕಾದ ಒಂದು ಕಿಣ್ವವನ್ನು ಪ್ಯಾಕ್ಸ್‌ಲೋವಿಡ್ ಕಟ್ಟಿಹಾಕುತ್ತದೆ. ವೈರಸ್ ಹೆಚ್ಚುವುದು ನಿಲ್ಲುತ್ತದೆ, ಆದರೆ ಮೈಯಲ್ಲಿ ಉಳಿದದ್ದನ್ನು ಗುಡಿಸಿ ಹಾಕುವುದು ನಮ್ಮ ರೋಗನಿರೋಧಕ ಶಕ್ತಿಯ ಕೆಲಸ. ಆ ಕೆಲಸ ಮುಗಿಯುವ ಮುನ್ನವೇ ಐದು ದಿನದ ಔಷಧ ಮುಗಿದರೆ ಉಳಿದ ವೈರಸ್ ಕೆಲವು ದಿನ ಮತ್ತೆ ಹೆಚ್ಚಬಹುದು ಎಂಬುದು ತಜ್ಞರ ಮುಖ್ಯ ವಿವರಣೆ. ಹೀಗೆ ಮರುಕಳಿಸುವುದು ಸಾಮಾನ್ಯವಾಗಿ ಚೇತರಿಸಿಕೊಂಡ 2ರಿಂದ 8 ದಿನಗಳೊಳಗೆ. ಹೆಚ್ಚಿನವರಿಗೆ ಗಂಟಲು ಕೆರೆತ, ಮೂಗು ಸೋರಿಕೆ, ಸ್ವಲ್ಪ ಜ್ವರ ಬಂದು ಕೆಲವೇ ದಿನಗಳಲ್ಲಿ ತಾನಾಗಿ ಹೋಗುತ್ತದೆ. ಐದು ದಿನದ ಔಷಧವನ್ನು ಮತ್ತೆ ಶುರು ಮಾಡಿ ಎಂದು ಅಮೆರಿಕದ ರೋಗ ನಿಯಂತ್ರಣ ಸಂಸ್ಥೆ ಸಿಡಿಸಿ ಹೇಳಲಿಲ್ಲ. ಅದು ಹೇಳಿದ್ದು ಮತ್ತೆ ಪ್ರತ್ಯೇಕವಾಗಿರಿ, ಮಾಸ್ಕ್ ಹಾಕಿ ಎಂದು, ಏಕೆಂದರೆ ಆ ದಿನಗಳಲ್ಲಿ ಬೇರೆಯವರಿಗೆ ಅಂಟಬಹುದು.

ಔಷಧವೇ ಮುಟ್ಟದವರಿಗೂ ಹೀಗಾಗುತ್ತದೆ. ಔಷಧದ ಬದಲು ಹುಸಿ ಮದ್ದು ಪಡೆದವರನ್ನು ಗಮನಿಸಿದ ಅಮೆರಿಕದ ಒಂದು ಅಧ್ಯಯನದಲ್ಲಿ, ಕಾಲು ಭಾಗಕ್ಕೂ ಹೆಚ್ಚು ಜನರಿಗೆ ಸುಧಾರಿಸಿದ ಮೇಲೆ ಲಕ್ಷಣ ಮರಳಿತ್ತು. ಆದರೂ ಪ್ಯಾಕ್ಸ್‌ಲೋವಿಡ್ ತೆಗೆದುಕೊಂಡವರಲ್ಲಿ ವೈರಸ್ ಮರಳುವುದು ಹೆಚ್ಚು ಎಂದು ಬೇರೆ ಕೆಲವು ಅಧ್ಯಯನಗಳು ಹೇಳುತ್ತವೆ. ಎರಡೂ ನಿಜ. ನಾಲ್ಕು ದಿನ ನೆಗಡಿ ಮರಳುವುದಕ್ಕಿಂತ ಅಪಾಯದಲ್ಲಿರುವ ಹಿರಿಯ ಜೀವ ಉಳಿಯುವುದು ನನಗೆ ಬಹಳ ದೊಡ್ಡದು.

ಮರಳಿ ಬಂದ ಜ್ವರವೆಲ್ಲ ಇಂಥ ಸೌಮ್ಯ ಜ್ವರವಲ್ಲ, ಇದೇ ನನ್ನ ನಿಜವಾದ ಚಿಂತೆ. 2021ರ ಎರಡನೇ ಅಲೆಯಲ್ಲಿ ಹಲವರಿಗೆ ಮೊದಲ ವಾರ ಕಳೆದು ಜ್ವರ ಬಿಟ್ಟಂತಾಗಿ, ಎರಡನೇ ವಾರ ಉಸಿರು ಕಟ್ಟಿತು. ಅದು ಶ್ವಾಸಕೋಶದ ಉರಿಯೂತ. ಜ್ವರ ಮರಳಿದರೆ ಬೆರಳಿಗೆ ಆಕ್ಸಿಮೀಟರ್ ಹಾಕಿ. ಉಗುರಿಗೆ ಗೋರಂಟಿ, ಬಣ್ಣ ಇದ್ದರೆ, ಕೈ ತಣ್ಣಗಿದ್ದರೆ ಅದು ತಪ್ಪು ತೋರಿಸಬಹುದು. ಕೈ ಉಜ್ಜಿ ಬೆಚ್ಚಗೆ ಮಾಡಿ, ಬಣ್ಣವಿಲ್ಲದ ಬೆರಳಿಗೆ ಹಾಕಿ, ಅಂಕಿ ಒಂದೆಡೆ ನಿಲ್ಲುವವರೆಗೆ ಕಾಯಿರಿ. ಆಕ್ಸಿಜನ್ ಮಟ್ಟ 94ಕ್ಕಿಂತ ಕೆಳಗೆ ಬಂದರೆ, ಇಲ್ಲವೇ ನಾಲ್ಕು ಹೆಜ್ಜೆ ನಡೆದಾಗ ಏದುಸಿರು ಬಂದರೆ ಆಸ್ಪತ್ರೆಗೆ ಹೋಗಲೇಬೇಕು.

"ಒಂದು ಸ್ಟೆರಾಯ್ಡ್ ಸೂಜಿ ಹಾಕಿಸಿದ್ರೆ ಜ್ವರ ಬರೋದೇ ಇಲ್ಲ" ಎನ್ನುವವರ ಮಾತು ಕೇಳಬೇಡಿ. ಆಕ್ಸಿಜನ್ ಬೇಕಾದವರಿಗೆ ಡೆಕ್ಸಾಮೆಥಾಸೋನ್ ಜೀವ ಉಳಿಸುತ್ತದೆ ಎಂದು 2020ರಲ್ಲಿ ತೋರಿಸಿದ ಬ್ರಿಟನ್ನಿನ ಪ್ರಯೋಗವೇ, ಆಕ್ಸಿಜನ್ ಬೇಡದವರಿಗೆ ಅದರಿಂದ ಲಾಭವಿಲ್ಲ ಎಂದೂ ಹೇಳಿತು. ಸಕ್ಕರೆ ಕಾಯಿಲೆಯವರಿಗೆ ವಿವೇಚನೆಯಿಲ್ಲದೆ ಕೊಟ್ಟ ಸ್ಟೆರಾಯ್ಡ್ ಕಪ್ಪು ಶಿಲೀಂಧ್ರಕ್ಕೆ ದಾರಿಯಾದದ್ದನ್ನು ನಾವು ಕಂಡಿದ್ದೇವೆ.

"ಕೊರೊನಾ ಹೋಗಿ ಟೈಫಾಯಿಡ್ ಆಯ್ತು" ಎಂಬುದು ಇನ್ನೊಂದು ತಪ್ಪು ನಂಬಿಕೆ. ಒಂದು ರೋಗ ಮತ್ತೊಂದಾಗಿ ಬದಲಾಗುವುದಿಲ್ಲ. ಟೈಫಾಯಿಡ್ ಪತ್ತೆಗೆ ಮಾಡುವ ವಿಡಾಲ್ ಪರೀಕ್ಷೆ ಬೇರೆ ಜ್ವರಗಳಲ್ಲೂ ಪಾಸಿಟಿವ್ ಬರಬಹುದು, ಆ ಒಂದು ಚೀಟಿ ನೋಡಿ ಟೈಫಾಯಿಡ್ ಎಂದು ನಂಬಬೇಡಿ. ಎರಡು ವಾರ ದಾಟಿದ ಕೆಮ್ಮು, ಜ್ವರ ಇದ್ದರೆ ಕಫದ ಪರೀಕ್ಷೆ ಮಾಡಿಸಿ, ಕ್ಷಯವೂ ಇರಬಹುದು. ಸರ್ಕಾರಿ ಆಸ್ಪತ್ರೆಯಲ್ಲಿ ಅದು ಉಚಿತ.

ಗಡಿಯ ಜನಕ್ಕೆ ಇನ್ನೊಂದು ತೊಡಕಿದೆ. ಗಡಿ ದಾಟಿ ಕರ್ನಾಟಕದ ರಾಯಚೂರಿನಲ್ಲಿ ತೋರಿಸಿಕೊಂಡವರು ಜ್ವರ ಮರಳಿದಾಗ ಮಕ್ತಲ್‌ನಲ್ಲೋ ಗದ್ವಾಲ್‌ನಲ್ಲೋ ಬೇರೆ ವೈದ್ಯರ ಮುಂದೆ ಕೂತಿರುತ್ತಾರೆ. ಚೀಟಿ, ಖಾಲಿಯಾದ ಗುಳಿಗೆ ಪಟ್ಟಿ ಎರಡನ್ನೂ ಜೊತೆಗೆ ಒಯ್ಯಿರಿ. ಏಕೆಂದರೆ ಪ್ಯಾಕ್ಸ್‌ಲೋವಿಡ್‌ನಲ್ಲಿರುವ ರಿಟೋನಾವಿರ್ ಕೊಲೆಸ್ಟರಾಲಿನ, ರಕ್ತ ತೆಳುವಾಗಿಸುವ ಕೆಲವು ಗುಳಿಗೆಗಳ ಅಂಶವನ್ನು ರಕ್ತದಲ್ಲಿ ಅಪಾಯದ ಮಟ್ಟಕ್ಕೆ ಏರಿಸಬಲ್ಲದು. ಉಳಿದ ಮೊಲ್ನುಪಿರವಿರ್ ಕ್ಯಾಪ್ಸೂಲನ್ನು ಮನೆಯ ಬೇರೆಯವರಿಗೆ ಜ್ವರ ಬಂತೆಂದು ಕೊಡಬೇಡಿ. ಗರ್ಭಿಣಿಯ ಹೊಟ್ಟೆಯಲ್ಲಿರುವ ಮಗುವಿಗೆ ಅದು ಹಾನಿ ಮಾಡಬಹುದು.