ಗಾಜುಗಾರನಿಂದ ಏನಾಗುವುದಿಲ್ಲ?

ಎರಡು ವರ್ಷದಿಂದ ನಾನೊಂದು ಮಾಯಾಲೋಕದ ಕಥೆ ಬರೆಯುತ್ತಿದ್ದೇನೆ. ಡಿಗ್ರಿ ಮುಗಿಯುತ್ತಾ ಬಂತು, ಕಥೆ ಮುಗಿದಿಲ್ಲ. ಅದರಲ್ಲಿ ‘ಗಾಜುಗಾರರು’ ಅಂತ ಒಂದು ಪಂಗಡವಿದೆ. ಕುಲುಮೆಯ ಮುಂದೆ ಕೂತು, ಕೊಳವೆಯಲ್ಲಿ ಉಸಿರಿನ ಜೊತೆ ಮಂತ್ರವನ್ನೂ ಊದಿ ಗಾಜು ಮಾಡುವವರು. ಅವರ ಒಂದು ಗಾಜು ಮಧ್ಯಾಹ್ನದ ಬಿಸಿಲನ್ನು ಹಿಡಿದಿಟ್ಟುಕೊಂಡು ರಾತ್ರಿ ಬಿಡುತ್ತದೆ. ಇನ್ನೊಂದು, ಬೆಳಕನ್ನು ದಾರದಂತೆ ನೂಲುತ್ತದೆ. ಮತ್ತೊಂದನ್ನು ಕಿಟಕಿಗೆ ಹಾಕಿದರೆ ನಿನ್ನೆ ಆ ಬೀದಿಯಲ್ಲಿ ಓಡಾಡಿದವರು ಇವತ್ತು ಕಾಣುತ್ತಾರೆ.

ಇಂಥದ್ದನ್ನೆಲ್ಲ ಕಲ್ಪಿಸಿಕೊಳ್ಳುವುದು ಸುಲಭ, ಮಜಾ ಕೂಡ. ಕಷ್ಟದ ಪ್ರಶ್ನೆ ಆಮೇಲೆ ಬರುತ್ತದೆ: ಈ ಗಾಜುಗಾರನಿಂದ ಏನಾಗುವುದಿಲ್ಲ? ಫ್ಯಾಂಟಸಿ ಕಾದಂಬರಿಗಳ ಅಮೆರಿಕನ್ ಲೇಖಕ ಬ್ರಾಂಡನ್ ಸ್ಯಾಂಡರ್ಸನ್ ಇದನ್ನೊಂದು ನಿಯಮವಾಗಿಯೇ ಹೇಳಿದ್ದಾರೆ. ಕಥೆಗೆ ಮಾಯೆಯ ಶಕ್ತಿಗಿಂತ ಅದರ ಮಿತಿಯೇ ಮುಖ್ಯ ಅಂತ. ಎಲ್ಲವನ್ನೂ ಮಾಡಬಲ್ಲವನ ಬಗ್ಗೆ ಬರೆಯಲಿಕ್ಕೆ ಏನಿದೆ ಹೇಳಿ?

ನನಗಿಷ್ಟವಾದ ಕಥೆಗಳ ಗಾಜುಗಳನ್ನೇ ನೋಡಿ. ಹ್ಯಾರಿ ಪಾಟರ್‌ನ ಮೊದಲ ಪುಸ್ತಕದ ಕನ್ನಡಿಯಲ್ಲಿ ಅನಾಥ ಹುಡುಗನಿಗೆ ಸತ್ತುಹೋದ ಅಪ್ಪ ಅಮ್ಮ ಕಾಣುತ್ತಾರೆ, ಮಾತನಾಡುವುದಿಲ್ಲ. ಟೋಲ್ಕಿನ್‌ರ ಪಲಾಂತೀರ್ ಎಂಬ ಹರಳುಗೋಲ ದೂರದ ನಿಜವನ್ನೇ ತೋರಿಸುತ್ತದೆ. ಆದರೆ ಯಾವ ನಿಜ ಕಾಣಬೇಕು ಅಂತ ಶತ್ರು ಆರಿಸಿದಾಗ, ನೋಡುವವನು ಹತಾಶೆಯಿಂದಲೇ ಹಾಳಾಗುತ್ತಾನೆ. ಎಲ್ಲಕ್ಕಿಂತ ನನ್ನನ್ನು ಹಿಡಿದಿದ್ದು ಆಂಡರ್ಸನ್ 1844ರಲ್ಲಿ ಪ್ರಕಟಿಸಿದ ‘ಹಿಮರಾಣಿ’. ಅದರಲ್ಲಿ ಒಳ್ಳೆಯದನ್ನು ಕುಗ್ಗಿಸಿ ಕೆಟ್ಟದ್ದನ್ನು ಹಿಗ್ಗಿಸಿ ತೋರಿಸುವ ಪಿಶಾಚಿ ಕನ್ನಡಿಯೊಂದು ಒಡೆದು ಲೋಕವೆಲ್ಲ ಚೆಲ್ಲುತ್ತದೆ. ಕೆಲವು ಚೂರುಗಳನ್ನು ಜನ ಕಿಟಕಿಗೆ ಕೂರಿಸುತ್ತಾರೆ, ಕೆಲವು ಕನ್ನಡಕವಾಗುತ್ತವೆ! ಕೈ ಎಂಬ ಹುಡುಗನ ಕಣ್ಣಿಗೆ ಬಿದ್ದ ಚೂರು ಕೊನೆಗೆ ಅವನ ಅಳುವಿನಲ್ಲೇ ತೇಲಿ ಹೊರಗೆ ಬರುತ್ತದೆ, ಯಾವ ಮಂತ್ರದಿಂದಲೂ ಅಲ್ಲ. ನಮ್ಮ ಕಡೆಯ ಅಂಜನವೂ ಇದೇ ಜಾತಿಯದು. ಕಳೆದ ಹಸು ಎಲ್ಲಿದೆ ಅಂತ ವೀಳ್ಯದೆಲೆಯ ಮೇಲಿನ ಕಪ್ಪು ತೋರಿಸುತ್ತದಂತೆ. ಹೊಡೆದುಕೊಂಡು ಬರುವ ಕೆಲಸ ಮಾತ್ರ ನಮ್ಮದು.

ನನ್ನ ಗಾಜುಗಾರನಿಗೆ ನಿಯಮ ಸಿಕ್ಕಿದ್ದು ಮಾತ್ರ ಕಥೆಗಳಲ್ಲಲ್ಲ, ನ್ಯೂಟನ್ ಹತ್ತಿರ. ಪಟ್ಟಕದಿಂದ ಬಣ್ಣಗಳು ಬರುವುದು ಆತನಿಗಿಂತ ಮೊದಲೂ ಗೊತ್ತಿತ್ತು. ಗಾಜೇ ಬೆಳಕಿಗೆ ಬಣ್ಣ ಬಳಿಯುತ್ತದೆ ಅಂತ ಪಂಡಿತರು ನಂಬಿದ್ದರು. ನ್ಯೂಟನ್ ಕೋಣೆಯನ್ನು ಕತ್ತಲು ಮಾಡಿ, ಸಣ್ಣ ತೂತಿನಿಂದ ಬಿಸಿಲು ಬಿಟ್ಟು, ಒಂದು ಪಟ್ಟಕದಿಂದ ಹೊರಟ ಒಂದೇ ಬಣ್ಣವನ್ನು ಎರಡನೆಯ ಪಟ್ಟಕದ ಮೂಲಕ ಹಾಯಿಸಿದ. ಕೆಂಪು ಕೆಂಪಾಗಿಯೇ ಉಳಿಯಿತು. 1672ರಲ್ಲಿ ಪ್ರಕಟವಾದ ಪತ್ರದಲ್ಲಿ ಇದನ್ನು ವಿವರಿಸಿದ. ಗಾಜು ಏನನ್ನೂ ಸೇರಿಸುವುದಿಲ್ಲ, ಬೆಳಕಿನೊಳಗೆ ಇದ್ದುದನ್ನೇ ಬಿಡಿಸಿಡುತ್ತದೆ. ಇದನ್ನೇ ನನ್ನ ಪಂಗಡದ ಮೊದಲ ಕಟ್ಟಳೆ ಮಾಡಿದೆ: ಗಾಜುಗಾರ ಬೆಳಕನ್ನು ಬಾಗಿಸಬಹುದು, ಬೇರ್ಪಡಿಸಬಹುದು, ಕೂಡಿಡಬಹುದು. ಹುಟ್ಟಿಸಲಾರ.

ಕಟ್ಟಳೆ ಹಾಕಿದರೆ ಬೆರಗು ಕಡಿಮೆಯಾಗುತ್ತದೆ ಅನ್ನುವವರು ಲೈಕರ್ಗಸ್ ಬಟ್ಟಲಿನ ಚಿತ್ರ ನೋಡಬೇಕು. ಬ್ರಿಟಿಷ್ ಮ್ಯೂಸಿಯಂನಲ್ಲಿರುವ, ನಾಲ್ಕನೇ ಶತಮಾನದ ರೋಮನ್ ಬಟ್ಟಲು ಅದು. ಎದುರಿನಿಂದ ಬೆಳಕು ಬಿದ್ದರೆ ಹಸಿರು, ಒಳಗೆ ದೀಪ ಇಟ್ಟರೆ ದ್ರಾಕ್ಷಾರಸದಂಥ ಕೆಂಪು. ಗಾಜಿನೊಳಗೆ ಬೆಳ್ಳಿ, ಚಿನ್ನದ ಕಣಗಳಿವೆ. ಕೂದಲಿನ ದಪ್ಪದ ಸುಮಾರು ಸಾವಿರದಲ್ಲೊಂದು ಭಾಗದಷ್ಟು ಸಣ್ಣವು. ಯಾವ ಮಂತ್ರವೂ ಇಲ್ಲ, ಆದರೂ ನಾನು ಬರೆದ ಯಾವ ಗಾಜೂ ಅದರ ಹತ್ತಿರ ಬರುವುದಿಲ್ಲ.

ಈ ಕಥೆಗೆ ಸದ್ಯಕ್ಕೆ ಇರುವ ಓದುಗರು ಇಬ್ಬರು. ಒಬ್ಬ ಗೆಳೆಯ, ಇನ್ನೊಬ್ಬರು ಅಜ್ಜಿ. ಅಜ್ಜಿ ಓದುವುದಿಲ್ಲ, ರಾತ್ರಿ ಊಟವಾದ ಮೇಲೆ ನನ್ನಿಂದ ಓದಿಸುತ್ತಾರೆ. ಅವರಿಗೆ ಗ್ಲಾಕೋಮಾ. ಪೊರೆ ಆಗಿದ್ದರೆ ಮಂಜಾದ ಮಸೂರ ತೆಗೆದು ಹೊಸದು ಕೂರಿಸಬಹುದಿತ್ತು. ಇದರಲ್ಲಿ ಸೊರಗಿರುವುದು ಕಣ್ಣಿನಿಂದ ಮೆದುಳಿಗೆ ಹೋಗುವ ನರ. ನೋವಿಲ್ಲದೆ, ಅಂಚಿನಿಂದ ಶುರುವಾಗಿ ನೋಟ ಕಿರಿದಾಗುತ್ತಾ ಬರುತ್ತದೆ. ಹೋದದ್ದು ಹೋಯಿತು, ಉಳಿದದ್ದನ್ನು ಕಾಯಲು ದಿನವೂ ಡ್ರಾಪ್ಸ್ ಹಾಕಬೇಕು. (ಮನೆಯಲ್ಲಿ ಒಬ್ಬರಿಗಿದ್ದರೆ ಉಳಿದವರೂ ತೋರಿಸಿಕೊಳ್ಳಬೇಕು. ಅಪ್ಪನನ್ನು ಹೊರಡಿಸಲು ಅಮ್ಮನಿಗೆ ಮೂರು ತಿಂಗಳು ಹಿಡಿಯಿತು.)

ಒಂದು ರಾತ್ರಿ ಅಜ್ಜಿ ಕೇಳಿದರು, “ನಿನ್ ಗಾಜುಗಾರನ ಹತ್ರ ನನ್ ಕಣ್ಣಿಗೇನಾದ್ರೂ ಇದ್ಯೇನೋ?”

ಗೆಳೆಯನಿಗೆ ಇದು ಚರ್ಚೆಯ ವಿಷಯವೇ ಅಲ್ಲ. “ಕೊಟ್ಬಿಡೋ, ಕಥೆ ತಾನೆ?” ಅಂದ. ಕೊಡಬಹುದಿತ್ತು. ಒಂದು ಪ್ಯಾರಾ ಸಾಕು. ಆದರೆ ಮರುದಿನ ಬೆಳಿಗ್ಗೆ ಅಜ್ಜಿಯ ಕಣ್ಣಿಗೆ ಡ್ರಾಪ್ಸ್ ಹಾಕುವವನೂ ನಾನೇ. ಕಥೆಯೊಳಗೆ ಎಲ್ಲರಿಗೂ ಅನ್ವಯಿಸುವ ಕಟ್ಟಳೆ ಅವರೊಬ್ಬರಿಗಾಗಿ ಮುರಿದರೆ ಮೊದಲು ಗೊತ್ತಾಗುವುದು ಅವರಿಗೇ. ಅಜ್ಜಿ ಅಷ್ಟು ದಡ್ಡರಲ್ಲ.

ಒಂದು ವಾರ ಪೆನ್ನು ಮುಟ್ಟಲಿಲ್ಲ. ಆಮೇಲೆ ಹೊಸ ಅಧ್ಯಾಯ ಬರೆದೆ. ನೋಟ ಕಳೆದುಕೊಳ್ಳುತ್ತಿರುವ ಮುದುಕಿಯೊಬ್ಬಳು ಮುಂಗಡ ಕೊಟ್ಟು ಗಾಜು ಮಾಡಿಸಲು ಬರುತ್ತಾಳೆ. ಗಾಜುಗಾರ ಮೂರು ದಿನ ಕುಲುಮೆ ಉರಿಸಿ, ನಾಲ್ಕನೆಯ ದಿನ ಬಾಗಿಲಿಗೆ ಬಂದು ಹೇಳುತ್ತಾನೆ: “ನನ್ನ ವಿದ್ಯೆ ಕಣ್ಣಿನ ಹೊಸ್ತಿಲವರೆಗೆ ತಾಯಿ. ಒಳಗೆ ನನಗೆ ದಾರಿಯಿಲ್ಲ.”

ಓದಿ ಮುಗಿಸಿ, ಪುಸ್ತಕ ಮಡಚಿ ಕೂತೆ. ಅಜ್ಜಿ ಸ್ವಲ್ಪ ಹೊತ್ತು ಏನೂ ಅನ್ನಲಿಲ್ಲ. ನಾನೂ ಅನ್ನಲಿಲ್ಲ.

“ಅದಿರ್ಲಿ,” ಅಂದರು ಆಮೇಲೆ. “ಮುಂಗಡ ತಗೊಂಡಿದ್ನಲ್ಲ, ವಾಪಸ್ ಕೊಟ್ನಾ?”

ಆ ಸಾಲನ್ನು ಆಗಲೇ ಸೇರಿಸಿ ಓದಿದೆ. ಪೂರ್ತಿ ಕೊಟ್ಟ. ಮುದುಕಿ ಎಣಿಸಿಯೇ ತಗೊಂಡಳು.