ಬೆಳಕಿನಲ್ಲಿ ಕಥೆ ಬರೆದವ

ಸಿನಿಮಾ ನೋಡಿ ಹೊರಬಂದ ಪ್ರೇಕ್ಷಕ ನಾಯಕನ ಹೆಸರು ಹೇಳುತ್ತಾನೆ. ತುಸು ಆಸಕ್ತನಾದರೆ ನಿರ್ದೇಶಕನ ಹೆಸರನ್ನೂ ಹೇಳಿಯಾನು. ಕ್ಯಾಮೆರಾದ ಹಿಂದೆ ನಿಂತವನನ್ನು ನೆನೆಯುವವರು ವಿರಳ. ಹಾಗೆ ಮರೆಯಲ್ಲೇ ಉಳಿದವರಲ್ಲಿ ಜರ್ಮನ್ ಸಿನಿಮಾದ ಛಾಯಾಗ್ರಾಹಕ ಕಾರ್ಲ್ ಫ್ರಾಯಿಂಡ್ ಒಬ್ಬ.

ಆಗಿನ ಆಸ್ಟ್ರಿಯಾ-ಹಂಗೆರಿ ಸಾಮ್ರಾಜ್ಯದ ಬೊಹೀಮಿಯಾದಲ್ಲಿ 1890ರಲ್ಲಿ ಹುಟ್ಟಿ ಬರ್ಲಿನ್ನಿನಲ್ಲಿ ಬೆಳೆದ ಈತ, ಹದಿಹರೆಯದಲ್ಲೇ ಪ್ರೊಜೆಕ್ಟರ್ ನಡೆಸುವ ಕೆಲಸಕ್ಕೆ ಸೇರಿದ. ಕೀರ್ತಿ ತಂದದ್ದು 1924ರಲ್ಲಿ ಮುರ್ನೌ ನಿರ್ದೇಶಿಸಿದ ‘ದ ಲಾಸ್ಟ್ ಲಾಫ್’. ಠೀವಿಯ ಸಮವಸ್ತ್ರ ಕಳೆದುಕೊಂಡು ಶೌಚಾಲಯದ ಊಳಿಗಕ್ಕೆ ಇಳಿಯಬೇಕಾದ ಹೋಟೆಲಿನ ಮುದಿ ದ್ವಾರಪಾಲಕನ ಕಥೆ ಅದು. ಆ ಮೂಕಿಚಿತ್ರದಲ್ಲಿ ಕಥೆ ವಿವರಿಸುವ ಬರಹದ ಫಲಕ ಇರುವುದು ಒಂದೇ ಒಂದು. ಉಳಿದ ಕಥೆಯ ಭಾರವೆಲ್ಲ ನಟನ ಮೇಲೆ ಮತ್ತು ಕ್ಯಾಮೆರಾದ ಮೇಲೆ. ಮುದುಕನ ಅಮಲನ್ನು ತೋರಿಸಲು ಫ್ರಾಯಿಂಡ್ ಕ್ಯಾಮೆರಾವನ್ನು ಎದೆಗೆ ಕಟ್ಟಿಕೊಂಡು ತಾನೇ ತೂರಾಡಿದ. ಅಲ್ಲಿಯವರೆಗೆ ಹೊರಗೆ ನಿಂತು ಪಾತ್ರವನ್ನು ನೋಡುತ್ತಿದ್ದ ಪ್ರೇಕ್ಷಕ, ಪಾತ್ರದ ಕಣ್ಣಿನಿಂದಲೇ ಲೋಕವನ್ನು ನೋಡುವಂತಾಯಿತು.

1927ರ ‘ಬರ್ಲಿನ್: ಮಹಾನಗರದ ಸ್ವರಮೇಳ’ದಲ್ಲಿ ಆತ ಲೇಖನಿಯನ್ನೂ ಹಿಡಿದ. ಕಾರ್ಲ್ ಮೇಯರ್‌ನ ಕಲ್ಪನೆಯಿಂದ ಮೂಡಿದ ಈ ಕೃತಿಯ ಚಿತ್ರಕಥೆಗೆ ನಿರ್ದೇಶಕ ವಾಲ್ಟರ್ ರುಟ್‌ಮನ್ ಜೊತೆ ಫ್ರಾಯಿಂಡ್ ಹೆಸರೂ ಇದೆ. ಇಲ್ಲಿ ನಾಯಕನಿಲ್ಲ, ಸಂಭಾಷಣೆಯಿಲ್ಲ. ಮುಂಜಾವಿನಿಂದ ನಡುರಾತ್ರಿಯವರೆಗೆ ನಗರ ಬದುಕುವ ಬಗೆಯೇ ಕಥೆ. ಇಂಥ ಚಿತ್ರಕ್ಕೆ ಚಿತ್ರಕಥೆ ಬರೆಯುವುದೆಂದರೆ ಯಾವುದನ್ನು, ಯಾವ ಬೆಳಕಿನಲ್ಲಿ, ಯಾವುದರ ನಂತರ ನೋಡಬೇಕು ಎಂದು ನಿರ್ಧರಿಸುವುದು. ಅದು ಛಾಯಾಗ್ರಾಹಕನ ನಿತ್ಯದ ಕೆಲಸವೂ ಹೌದಲ್ಲವೇ?

ನಾಜಿಗಳು ಅಧಿಕಾರಕ್ಕೆ ಬರುವ ಮುನ್ನವೇ ಅಮೆರಿಕ ಸೇರಿದ ಈ ಯಹೂದಿ ಕಲಾವಿದ ‘ಡ್ರಾಕುಲಾ’ (1931) ಚಿತ್ರಕ್ಕೆ ಕ್ಯಾಮೆರಾ ಹಿಡಿದ. ‘ದ ಮಮ್ಮಿ’ (1932) ನಿರ್ದೇಶಿಸಿದ. ‘ದ ಗುಡ್ ಅರ್ಥ್’ (1937) ಚಿತ್ರದ ಛಾಯಾಗ್ರಹಣಕ್ಕೆ ಆಸ್ಕರ್ ಪಡೆದ. 1951ರಲ್ಲಿ ಆರಂಭವಾದ ‘ಐ ಲವ್ ಲೂಸಿ’ ಎಂಬ ಟಿ.ವಿ. ಹಾಸ್ಯ ಧಾರಾವಾಹಿಗೂ ದುಡಿದ. ಪ್ರೇಕ್ಷಕರ ಸಮ್ಮುಖದಲ್ಲಿ ಮೂರು ಕ್ಯಾಮೆರಾಗಳು ಏಕಕಾಲಕ್ಕೆ ಚಿತ್ರೀಕರಿಸಬೇಕಿತ್ತು. ಒಂದು ಕೋನಕ್ಕೆ ಹೊಂದಿಸಿದ ಬೆಳಕು ಇನ್ನೊಂದಕ್ಕೆ ಒಗ್ಗದು. ಆದ್ದರಿಂದ ಇಡೀ ರಂಗಕ್ಕೆ ಸಮನಾದ ಬೆಳಕು ಹರಡುವ ವ್ಯವಸ್ಥೆ ರೂಪಿಸಿದ. ಜರ್ಮನಿಯಲ್ಲಿ ನೆರಳನ್ನು ಕಡೆದು ನಿಲ್ಲಿಸಿದವನೇ ಇಲ್ಲಿ ನೆರಳನ್ನು ಓಡಿಸಿದ್ದ! ಇದನ್ನು ಕಲೆಯ ಇಳಿತ ಎನ್ನಲಾಗದು. ನಗೆಗೆ ಬೇಕಾದದ್ದು ನಟಿಯ ಮುಖ, ನಿಗೂಢತೆಯಲ್ಲ ಎಂಬುದನ್ನು ಆತ ಬಲ್ಲವನಾಗಿದ್ದ.

ಫ್ರಾಯಿಂಡ್ ತೀರಿಕೊಂಡದ್ದು 1969ರಲ್ಲಿ. ‘ಬರ್ಲಿನ್’ ಚಿತ್ರ ಆತನನ್ನು ಬರಹಗಾರನೆಂದು ನಮೂದಿಸಿದೆ. ‘ದ ಲಾಸ್ಟ್ ಲಾಫ್’ನಲ್ಲಿ ಛಾಯಾಗ್ರಾಹಕನೆಂದಷ್ಟೇ ದಾಖಲೆ. ಆದರೆ ಎದೆಗೆ ಕಟ್ಟಿಕೊಂಡು ತೂರಾಡಿದ ಆ ಕ್ಯಾಮೆರಾ ಬರೆದ ಪುಟವನ್ನು ಯಾರ ಖಾತೆಗೆ ಸೇರಿಸೋಣ?